ಬೇಡರ ಕಣ್ಣಪ್ಪನ ಹೆಂಡತಿ ಅಮ್ಮ ಆಗಿದ್ದು ಯಾವಾಗ? ಪಂಡರೀಬಾಯಿ ಬಗ್ಗೆ ಗೊತ್ತಿದ್ದವರು ಹೇಳಿ

ತಿಪಟೂರ್_ತೆಂಗು:
ನಿನ್ನೆ ರಾತ್ರಿ ಊಟ ಮುಗಿಸಿ ಟಿವಿ ಹಾಕಿದರೆ 'ಅನುರಾಗ ಅರಳಿತು' ಬರ್ತಾ ಇತ್ತು. ನಾನು, ಅಜ್ಜಿ ಇಬ್ಬರೇ ಕೂತಿದ್ದೆವು. ಕಾಯಿಲೆ ಬಿದ್ದ ಅಮ್ಮನಿಗೆ ಅಣ್ಣಾವ್ರು ಸೇವೆ ಮಾಡುವ ಜಾಗ ಬಂತು. ನನ್ನ ಕಣ್ಣು ಒದ್ದೆ ಆಗಿದೆ, ಪಕ್ಕದಲ್ಲಿ ಅಜ್ಜಿ ಕಿಸಕ್ಕಂತ ನಗ್ತಿದ್ದಾರೆ. ಯಾಕಜ್ಜಿ ಅಂದೆ. "ಅವ್ಳು ಅವ್ನ ಹೆಂಡ್ತಿ ಕಣ್ಲಾ! ಟೆಂಟಲ್ಲಿ ನಾನೇ ನೋಡಿವ್ನಿ" ಅಂದ್ರು.

ವಯಸ್ಸಾಯ್ತು, ಏನೋ ಮರೆವು ಅಂತ ಸುಮ್ನೆ ಇದ್ದೆ. ಬೆಳಗ್ಗೆ ಹುಡುಕಿ ನೋಡಿದರೆ ಅಜ್ಜಿ ಹೇಳಿದ್ದೇ ನಿಜ. 'ಬೇಡರ ಕಣ್ಣಪ್ಪ'ದ ನೀಲಾ ಇವರೇ! ನನಗೆ ನೆನಪಿರುವುದು ಬರೀ ಬಿಳಿ ಕೂದಲಿನ ಅಮ್ಮ. ನಾಯಕಿ ಆಗಿದ್ದವರು ಅದೇ ನಾಯಕನಿಗೆ ಅಮ್ಮ ಆಗಿದ್ದು ಹೇಗೆ? ನಡುವೆ ಏನೇನು ಮಾಡಿದರು? ಹಳೇ ಸಿನಿಮಾ ಗೊತ್ತಿರುವವರು ಸ್ವಲ್ಪ ಹೇಳ್ತೀರಾ?

ಸುಮ್ನೆ_ಬಂದೆ:
ಅಜ್ಜಿಗೆ ಒಂದು ಖಾತೆ ಮಾಡಿಕೊಡಿ ಇಲ್ಲಿ. ಇಲ್ಲಿರುವ ಅರ್ಧ ಜನಕ್ಕಿಂತ ಜಾಸ್ತಿ ಗೊತ್ತಿದೆ ಅವರಿಗೆ.

ಹಳೇರೀಲು:
ಅಜ್ಜಿಗೆ ನಮಸ್ಕಾರ ಹೇಳಿ. 'ಬೇಡರ ಕಣ್ಣಪ್ಪ' ಬಂದಿದ್ದು 1954ರಲ್ಲಿ, 'ಅನುರಾಗ ಅರಳಿತು' 1986ರಲ್ಲಿ. 32 ವರ್ಷದ ಅಂತರ. ಆದರೆ ತಮಾಷೆ ಏನು ಗೊತ್ತಾ, ಇಬ್ಬರದ್ದೂ ಸರಿಸುಮಾರು ಒಂದೇ ವಯಸ್ಸು. ಅಣ್ಣಾವ್ರು ಹುಟ್ಟಿದ್ದು 1929. ಪಂಡರೀಬಾಯಿ ಅದರ ಒಂದೆರಡು ವರ್ಷ ಆಚೀಚೆ.

ಇನ್ನೊಂದು ವಿಷಯ. ಕಣ್ಣಪ್ಪ ಮಾಡುವ ಹೊತ್ತಿಗೆ ರಾಜಕುಮಾರ್ ಹೊಸಬರು, ನಾಯಕನಾಗಿ ಅದೇ ಮೊದಲು. ಪಂಡರೀಬಾಯಿ ಆಗಲೇ ಹಳಬರು. ಅವರ ಮೊದಲ ಚಿತ್ರ 'ವಾಣಿ', 1943ರದ್ದು. ಪಿಟೀಲು ಚೌಡಯ್ಯನವರು ನಟಿಸಿದ್ದರಲ್ಲ, ಅದೇ. ನಿರ್ದೇಶನ ಕೆ. ಹಿರಣ್ಣಯ್ಯನವರದ್ದು, ಅಂದರೆ ನಮ್ಮ ಮಾಸ್ಟರ್ ಹಿರಣ್ಣಯ್ಯನವರ ತಂದೆ. 1953ರಲ್ಲಿ 'ಗುಣಸಾಗರಿ'ಯಲ್ಲಿ ಹೊನ್ನಪ್ಪ ಭಾಗವತರ್ ಎದುರು ನಾಯಕಿ. ಹಾಗಾಗಿ ಕಣ್ಣಪ್ಪ ಬಿಡುಗಡೆ ಆದಾಗ ಆ ಜೋಡಿಯಲ್ಲಿ ಜನಕ್ಕೆ ಗುರುತಿದ್ದ ಮುಖ ಆಕೆಯದ್ದು.

ಅಣ್ಣಾವ್ರಭಕ್ತ_24:
ಅಣ್ಣಾವ್ರು ಯಾರ ಗುರುತಿನ ಮೇಲೂ ಬೆಳೆದವರಲ್ಲ. ಇತಿಹಾಸ ತಿರುಚಬೇಡಿ.

ಹಳೇರೀಲು:
ಯಾರು ತಿರುಚಿದರು ಮಾರಾಯ್ರೆ? ಅವರಿಗೆ ಅದು ಮೊದಲು, ಇವರಿಗೆ ಅಲ್ಲ. ಅಷ್ಟೇ ಹೇಳಿದ್ದು.

ಭಟ್ಕಳ_ಮಲ್ಲಿಗೆ:
ನಮ್ಮೂರಿನವರು! ಪಂಡರೀಬಾಯಿ ಹುಟ್ಟಿದ್ದು ಭಟ್ಕಳದಲ್ಲಿ. ತಂಗಿ ಮೈನಾವತಿ ಕೂಡ. ಭಟ್ಕಳ ಅಂದರೆ ಜನ ಬೇರೆ ಏನೇನೋ ನೆನಪು ಮಾಡಿಕೊಳ್ಳುತ್ತಾರೆ, ಈ ಅಕ್ಕತಂಗಿಯರನ್ನು ಮಾತ್ರ ಒಬ್ಬರೂ ಹೇಳುವುದಿಲ್ಲ. ಸಿನಿಮಾಕ್ಕೆ ಬರುವ ಮೊದಲು ಹರಿಕಥೆ ಮಾಡುತ್ತಿದ್ದರು. ನನಗೆ ಅನಿಸುವುದು, ಅವರ ಮಾತಿನ ಓಟ ಅಲ್ಲಿಂದಲೇ ಬಂದಿದ್ದು. ಹರಿಕಥೆಯಲ್ಲಿ ಒಬ್ಬರೇ ನಿಂತು ಸೀತೆ, ಶೂರ್ಪನಖಿ, ಕೈಕೇಯಿ ಎಲ್ಲ ಆಗಬೇಕು. ಸೆರಗು ಹೊದ್ದರೆ ಒಬ್ಬಳು, ಸೊಂಟಕ್ಕೆ ಸಿಕ್ಕಿಸಿದರೆ ಇನ್ನೊಬ್ಬಳು.

ಕಾಗುಣಿತಪ್ಪ:
ದಯವಿಟ್ಟು ಎಲ್ಲರೂ ಗಮನಿಸಿ. ಪಂಢರಿ. ಢ. ಮಹಾಪ್ರಾಣ. ಪಂಢರಪುರದ ಪಂಢರಿ.

ಸುಮ್ನೆ_ಬಂದೆ:
ಹಳೇ ಪೋಸ್ಟರಲ್ಲಿ ಪಂಡರಿ, ಟೈಟಲ್ ಕಾರ್ಡಲ್ಲಿ ಪಂಡರೀ, ನಿಮ್ಮ ಮನೇಲಿ ಪಂಢರಿ. ಬಿಡಿ ಸಾರ್, ಅಲ್ಪಪ್ರಾಣಿಗಳೂ ಬದುಕಲಿ.

ಕಾಗುಣಿತಪ್ಪ:
ಅಲ್ಪಪ್ರಾಣ ಅಂದರೆ ಅಕ್ಷರ, ಅಲ್ಪಪ್ರಾಣಿ ಅಂದರೆ ನೀವು.

ಚೆನ್ನೈವಾಸಿ_ಕನ್ನಡಿಗ:
ನಾನು ಇಲ್ಲಿ ವಡಪಳನಿ ಕಡೆ 20 ವರ್ಷದಿಂದ ಇದ್ದೇನೆ. ಇಲ್ಲಿ ಹಳಬರ ಹತ್ತಿರ ಪಂಡರೀಬಾಯಿ ಹೆಸರು ಎತ್ತಿದರೆ ಅವರು ತಮಿಳಿನವರೇ ಅಂದುಕೊಂಡು ಮಾತಾಡುತ್ತಾರೆ. ತಪ್ಪೇನಿಲ್ಲ. ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ 'ಪರಾಶಕ್ತಿ', 1952. ಕರುಣಾನಿಧಿ ಸಂಭಾಷಣೆ. ಅದರಲ್ಲಿ ಶಿವಾಜಿಗೆ ನಾಯಕಿ ಯಾರು? ನಮ್ಮ ಭಟ್ಕಳದ ಹೆಂಗಸು. ಎರಡು ವರ್ಷ ಬಿಟ್ಟು ಕನ್ನಡದಲ್ಲಿ ರಾಜಕುಮಾರ್ ಬಂದರು, ಅಲ್ಲೂ ಇವರೇ. ಎರಡು ಭಾಷೆಯ ಎರಡು ದೊಡ್ಡ ತಲೆಗಳಿಗೆ ಮೊದಲ ನಾಯಕಿ ಒಬ್ಬರೇ. ಇಂಥ ಇನ್ನೊಬ್ಬರನ್ನು ತೋರಿಸಿ ನೋಡೋಣ.

ಆಮೇಲೆ 'ಅಂದ ನಾಳ್', 1954. ಎವಿಎಂ ಸ್ಟುಡಿಯೋದ ಚಿತ್ರ. ಹಾಡಿಲ್ಲ, ಕುಣಿತ ಇಲ್ಲ, ಹೊಡೆದಾಟ ಇಲ್ಲ. ಆ ಕಾಲದಲ್ಲಿ ಹಾಡಿಲ್ಲದ ತಮಿಳು ಚಿತ್ರ ಅಂದರೆ ಉಪ್ಪಿಲ್ಲದ ಸಾರು ಅಂದುಕೊಳ್ಳಿ. ಎರಡನೇ ಮಹಾಯುದ್ಧದ ಹೊತ್ತಿನ ಮದ್ರಾಸು, ಜಪಾನಿನ ಬಾಂಬಿನ ಭಯ. ಒಬ್ಬ ರೇಡಿಯೋ ಎಂಜಿನಿಯರ್ ಕೊಲೆಯಾಗುತ್ತಾನೆ. ಮನೆಯವರು, ನೆರೆಯವರು ಎಲ್ಲರ ಮೇಲೂ ಅನುಮಾನ. ಕೊನೆಗೆ ನೋಡಿದರೆ ಅವನು ದೇಶದ್ರೋಹಿ, ಕೊಂದಿದ್ದು ಹೆಂಡತಿಯೇ. ಆ ಹೆಂಡತಿ ಪಂಡರೀಬಾಯಿ.

ಡಲ್ಲಾಸ್_ದೋಸೆ:
ಅಯ್ಯೋ! ಈ ವಾರ ನೋಡೋಣ ಅಂತ ಇಟ್ಟುಕೊಂಡಿದ್ದೆ!

ಚೆನ್ನೈವಾಸಿ_ಕನ್ನಡಿಗ:
ಕ್ಷಮಿಸಿ. ಆದರೂ 70 ವರ್ಷ ಟೈಮ್ ಕೊಟ್ಟಿದ್ದೆವು.

ಹಳೇರೀಲು:
ದಿನಾಂಕ ನೋಡಿದರೆ ಮಜಾ ಇದೆ. 'ಅಂದ ನಾಳ್' 1954ರ ಏಪ್ರಿಲ್‌ನಲ್ಲಿ, 'ಬೇಡರ ಕಣ್ಣಪ್ಪ' ಮೇ ತಿಂಗಳಲ್ಲಿ. ಒಂದು ತಿಂಗಳೊಳಗೆ ಅಲ್ಲಿ ಓದಿದ ಪಟ್ಟಣದ ಹೆಂಗಸು, ಇಲ್ಲಿ ಕಾಡಿನ ಬೇಡತಿ. ಅಲ್ಲಿ ದೇಶಕ್ಕಾಗಿ ಗಂಡನನ್ನೇ ಕೊಲ್ಲುವವಳು, ಇಲ್ಲಿ ಶಿವ ಶಿವ ಅನ್ನುವ ಗಂಡನ ಹಿಂದೆ ಹೋಗುವವಳು. ನಾವು ಮಾತ್ರ ಆಕೆಯನ್ನು 'ಅಮ್ಮನ ಪಾತ್ರದ ನಟಿ' ಅಂತ ಒಂದೇ ಡಬ್ಬಿಗೆ ಹಾಕಿ ಮುಚ್ಚಿಬಿಟ್ಟಿದ್ದೇವೆ.

ಮೂಲೆಮನೆ_ಸೊಸೆ:
ಡಬ್ಬಿಗೆ ಹಾಕಿದ್ದು ನಾವಲ್ಲ, ಸಿನಿಮಾದವರು. 1986ರಲ್ಲಿ ಇಬ್ಬರಿಗೂ 57ರ ಆಸುಪಾಸು. ಒಬ್ಬರು ಮಾಧವಿ, ಗೀತಾ ಜೊತೆ ನಾಯಕ. ಇನ್ನೊಬ್ಬರು ಅವರಿಗೆ ಅಮ್ಮ. ಇದಕ್ಕೆ ಏನು ಹೇಳ್ತೀರಿ?

ಅಣ್ಣಾವ್ರಭಕ್ತ_24:
ಅಣ್ಣಾವ್ರು ಯೋಗ ಮಾಡ್ತಿದ್ದರು, ಫಿಟ್ ಇದ್ದರು. ಜನ ಒಪ್ಪಿದರು, ಶಿಳ್ಳೆ ಹೊಡೆದರು. ನಿಮಗ್ಯಾಕೆ ಸಂಕಟ?

ಮೂಲೆಮನೆ_ಸೊಸೆ:
ನನಗೂ ಅವರು ಇಷ್ಟವೇ. 'ಅನುರಾಗ ಅರಳಿತು' ಹತ್ತು ಸಲ ನೋಡಿದ್ದೇನೆ. ಪ್ರಶ್ನೆ ಅದಲ್ಲ. ಯೋಗ ಮಾಡಿದ್ದರೆ ಪಂಡರೀಬಾಯಿಗೆ ನಾಯಕಿ ಪಾತ್ರ ಕೊಡ್ತಿದ್ದರಾ?

ಸುಮ್ನೆ_ಬಂದೆ:
🔥

ಚೆನ್ನೈವಾಸಿ_ಕನ್ನಡಿಗ:
ನೀವು ರಾಜಕುಮಾರ್ ಒಬ್ಬರನ್ನೇ ಹಿಡಿದುಕೊಂಡಿದ್ದೀರಿ. ಎಂಜಿಆರ್ ಕಥೆ ಕೇಳಿ. 1965ರ 'ಎಂಗ ವೀಟ್ಟು ಪಿಳ್ಳೈ'ಯಲ್ಲಿ ಪಂಡರೀಬಾಯಿ ಎಂಜಿಆರ್‌ಗೆ ಅಕ್ಕ. ಮೂರು ವರ್ಷ ಬಿಟ್ಟು 'ಕುಡಿಯಿರುಂದ ಕೋಯಿಲ್'ನಲ್ಲಿ ಅಮ್ಮ. ಎಂಜಿಆರ್ ಹುಟ್ಟಿದ್ದು 1917ರಲ್ಲಿ! ಮಗ ಅಮ್ಮನಿಗಿಂತ ಹತ್ತು ವರ್ಷಕ್ಕೂ ಮೇಲೆ ದೊಡ್ಡವರು. ಥಿಯೇಟರಿನಲ್ಲಿ ಒಬ್ಬರೂ ನಗಲಿಲ್ಲ. ಅದು ಎಂಜಿಆರ್ ಮೇಕಪ್ಪಿನ ಮಹಿಮೆ ಅಂತ ಕೆಲವರು ಹೇಳಬಹುದು. ನಾನು ಹೇಳುವುದು, ಇವರು ಅಮ್ಮ ಅಂತ ನಂಬಿಸಿದ್ದರಿಂದ ಅವರು ಮಗ ಆದರು.

ಇದೆಲ್ಲಕ್ಕಿಂತ ದೊಡ್ಡದು 'ದೈವಮಗನ್', 1969. ಶಿವಾಜಿಗೆ ಮೂರು ಪಾತ್ರ. ಅಪ್ಪ ಶಿವಾಜಿ, ದೊಡ್ಡ ಮಗ ಶಿವಾಜಿ, ಚಿಕ್ಕ ಮಗ ಶಿವಾಜಿ. ದೊಡ್ಡವನ ಮುಖದ ಮೇಲೆ ಕಲೆ, ಹುಟ್ಟಿದಾಗಲೇ ಅಪ್ಪ ಅವನನ್ನು ದೂರ ಮಾಡಿರುತ್ತಾನೆ. ಪಂಡರೀಬಾಯಿ ಒಬ್ಬ ಶಿವಾಜಿಗೆ ಹೆಂಡತಿ, ಇನ್ನಿಬ್ಬರು ಶಿವಾಜಿಗೆ ತಾಯಿ. ಒಂದೇ ಸಿನಿಮಾದಲ್ಲಿ! ಒಂದೇ ಮುಖವನ್ನು ಗಂಡ ಅಂತ ನೋಡಬೇಕು, ಮಗ ಅಂತಲೂ ನೋಡಬೇಕು. ಜನರೆಲ್ಲ ಮೂರು ಶಿವಾಜಿಯನ್ನು ನೋಡುತ್ತಾ ಕೂರುತ್ತಾರೆ. ನೀವು ಒಂದು ಸಲ ಈಕೆಯನ್ನೇ ನೋಡಿ. ಗಂಡನ ಎದುರು ಇರುವ ಕಣ್ಣೇ ಬೇರೆ, ಮಗನ ಎದುರು ಇರುವ ಕಣ್ಣೇ ಬೇರೆ. ಆಸ್ಕರ್‌ಗೆ ಭಾರತದಿಂದ ಕಳಿಸಿದ ಚಿತ್ರ ಅದು.

ತಿಪಟೂರ್_ತೆಂಗು:
ನನ್ನ ತಲೆ ತಿರುಗ್ತಾ ಇದೆ. ಅಜ್ಜಿಗೆ ಇದನ್ನು ಹೇಗೆ ವಿವರಿಸಲಿ?

ಸುಮ್ನೆ_ಬಂದೆ:
ವಂಶವೃಕ್ಷ ಬರೆಯೋಕೆ ಹೋದ್ರೆ ಪೆನ್ನು ಖಾಲಿ ಆಗುತ್ತೆ.

ಕಾಲ್‌ಶೀಟ್:
ನಾನು ಧಾರಾವಾಹಿಗಳಲ್ಲಿ ಸಹಾಯಕ ನಿರ್ದೇಶಕ. ಹೆಸರು ಬೇಡ. ಮೂಲೆಮನೆಯವರ ಪ್ರಶ್ನೆಗೆ ಒಳಗಿನಿಂದ ಒಂದು ಮಾತು.

ನಾಯಕಿಗೆ ಇಡೀ ಪ್ರಾಜೆಕ್ಟಿಗೆ ಮಾತಾಡುತ್ತಾರೆ. ಪೋಷಕ ಪಾತ್ರದವರಿಗೆ ಹೆಚ್ಚಾಗಿ ದಿನದ ಲೆಕ್ಕ. ತಿಂಗಳಿಗೆ ಇಷ್ಟು ದಿನ ಅಂತ ಡೇಟ್ ಕೊಡಬೇಕು. ಒಂದೇ ಕಡೆ ಹೊಟ್ಟೆ ತುಂಬಲ್ಲ, ಹಾಗಾಗಿ ಬೆಳಗ್ಗೆ ಒಂದು ಮನೆಯ ಅತ್ತೆ, ಮಧ್ಯಾಹ್ನ ಇನ್ನೊಂದು ಮನೆಯ ಅಮ್ಮ. ಮೇಕಪ್ಪಿನವನು ಕಿವಿಯ ಪಕ್ಕ ಎರಡು ಗೆರೆ ಬಿಳಿ ಬಳಿದರೆ 35ರ ಹೆಂಗಸು 55ರ ಅಮ್ಮ. ನಮ್ಮ ಸೆಟ್ಟಲ್ಲಿ ಅಮ್ಮನ ಪಾತ್ರ ಮಾಡುವವರು ಮಗನ ಪಾತ್ರದವನಿಗಿಂತ ನಾಲ್ಕೇ ವರ್ಷ ದೊಡ್ಡವರು. ಶಾಟ್ ಮುಗಿದ ಮೇಲೆ ಅವನು ಅವರನ್ನು ಹೆಸರು ಹಿಡಿದೇ ಕರೆಯುತ್ತಾನೆ. ಶಾಟ್ ರೆಡಿ ಅಂದ ತಕ್ಷಣ ಅಮ್ಮಾ ಅಂತ ಕಾಲಿಗೆ ಬೀಳುತ್ತಾನೆ.

ಒಂದು ಸಲ ಒಂದು ಕಡೆ (ಯಾವ ಕಡೆ ಅಂತ ಕೇಳಬೇಡಿ) ಅಂಥ ಹಿರಿಯ ನಟಿಯೊಬ್ಬರಿಗೆ ನಾಲ್ಕು ತಿಂಗಳು ದುಡ್ಡು ಬರಲಿಲ್ಲ. ದಿನಾ ಬರುತ್ತಿದ್ದರು, ಸೀರೆ ಉಟ್ಟು ಮೂಲೆಯ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂರುತ್ತಿದ್ದರು. ಅವರ ಚೀಲದಲ್ಲಿ ಯಾವಾಗಲೂ ಮೂರು ರವಿಕೆ, ಒಂದು ಡಬ್ಬಿ ಚಕ್ಕುಲಿ ಇರುತ್ತಿತ್ತು. ರವಿಕೆ ಯಾಕಮ್ಮ ಅಂದರೆ, "ಕಂಟಿನ್ಯೂಟಿಗೆ ಕಣಪ್ಪ, ಮುಂದಿನ ಶಾಟಲ್ಲೂ ಅದೇ ರವಿಕೆ ಇರಬೇಕಲ್ಲ, ನಿಮ್ಮ ಕಾಸ್ಟ್ಯೂಮಿನವನು ಕಳೆದುಬಿಡ್ತಾನೆ" ಅನ್ನುತ್ತಿದ್ದರು. ಚಕ್ಕುಲಿ ನಮಗೆ.

ಭಟ್ಕಳ_ಮಲ್ಲಿಗೆ:
ಅಯ್ಯೋ ಪಾಪ. ದುಡ್ಡು ಬಂತಾ ಕೊನೆಗೆ?

ಕಾಲ್‌ಶೀಟ್:
ಬಂತು. ಪೂರ್ತಿ ಅಲ್ಲ.

ಹಳೇರೀಲು:
ಮೂಲೆಮನೆಯವರ ಮಾತು ಅರ್ಧ ಒಪ್ಪುತ್ತೇನೆ. ಇನ್ನರ್ಧ ಏನೆಂದರೆ, ಪಂಡರೀಬಾಯಿ ಸುಮ್ನೆ ಕೂತು ಯಾರಾದರೂ ಕರೀತಾರಾ ಅಂತ ಕಾದವರಲ್ಲ. ತಾವೇ ಚಿತ್ರ ತೆಗೆದರು. 1957ರ 'ರಾಯರ ಸೊಸೆ' ಅವರ ಸ್ವಂತ ನಿರ್ಮಾಣ. ಅದರಲ್ಲಿ ರಾಜಕುಮಾರ್ ಇದ್ದರು, ತಂಗಿ ಮೈನಾವತಿ ಇದ್ದರು. ಆಗ ಕನ್ನಡ ಚಿತ್ರಗಳು ತಯಾರಾಗುತ್ತಿದ್ದುದೇ ಹೆಚ್ಚಾಗಿ ಮದ್ರಾಸಿನ ಸ್ಟುಡಿಯೋಗಳಲ್ಲಿ. ಅಲ್ಲಿ ಒಬ್ಬ ಹೆಂಗಸು ಫ್ಲೋರ್ ಬುಕ್ ಮಾಡಿ, ಫಿಲ್ಮ್ ತರಿಸಿ, ಕನ್ನಡ ಚಿತ್ರ ತೆಗೆಯುವುದು ಸಣ್ಣ ಮಾತಲ್ಲ.

ಮೈನಾವತಿಯನ್ನು ಮುಂದೆ ತಂದಿದ್ದೂ ಅಕ್ಕನೇ. 'ಅಬ್ಬಾ ಆ ಹುಡುಗಿ' 1959ರಲ್ಲಿ ಬರುವ ಹೊತ್ತಿಗೆ ತಂಗಿ ದೊಡ್ಡ ನಾಯಕಿ. ಅಕ್ಕ ಮೆಲ್ಲಗೆ ಪಕ್ಕಕ್ಕೆ ಸರಿದರು. ಇದರಲ್ಲಿ ಬಲವಂತ ಎಷ್ಟು, ಲೆಕ್ಕಾಚಾರ ಎಷ್ಟು ಅಂತ ನೀವೇ ನೋಡಿ. ನಾಯಕಿಯ ಆಯಸ್ಸು ಹೆಚ್ಚೆಂದರೆ ಹತ್ತು ಹನ್ನೆರಡು ವರ್ಷ. ಪೋಷಕ ನಟಿಯಾಗಿ ಇವರು 90ರ ದಶಕದವರೆಗೂ ಕೆಲಸ ಮಾಡಿದರು.

ಮೂಲೆಮನೆ_ಸೊಸೆ:
ಬೇರೆ ಬಾಗಿಲು ಮುಚ್ಚಿದ್ದಾಗ ತೆರೆದಿರುವ ಒಂದೇ ಬಾಗಿಲಲ್ಲಿ ಹೋಗುವುದನ್ನು ಲೆಕ್ಕಾಚಾರ ಅನ್ನೋಕಾಗುತ್ತಾ? ಲೀಲಾವತಿಯಮ್ಮನ್ನ ನೋಡಿ. 1960ರಲ್ಲಿ 'ರಣಧೀರ ಕಂಠೀರವ', 'ರಾಣಿ ಹೊನ್ನಮ್ಮ' ಎಲ್ಲ ರಾಜಕುಮಾರ್ ಜೊತೆ. 1976ರಲ್ಲಿ 'ನಾ ನಿನ್ನ ಮರೆಯಲಾರೆ'ಯಲ್ಲಿ ಅದೇ ರಾಜಕುಮಾರ್‌ಗೆ ಅಮ್ಮ. ಹದಿನಾರು ವರ್ಷ, ಅಷ್ಟೇ! ಆಕೆ ಅವರಿಗಿಂತ ವಯಸ್ಸಲ್ಲಿ ಚಿಕ್ಕವರು.

ಅಣ್ಣಾವ್ರಭಕ್ತ_24:
ಮತ್ತೆ ಅಣ್ಣಾವ್ರು! ನಿಮಗೆ ಬೇರೆ ಉದಾಹರಣೆ ಸಿಗಲ್ವಾ?

ಮೂಲೆಮನೆ_ಸೊಸೆ:
ಎಂಜಿಆರ್ ಹೇಳಿದರು, ಶಿವಾಜಿ ಹೇಳಿದರು, ನೀವು ಸುಮ್ನಿದ್ರಿ. ಅದಕ್ಕೆ ನಿಮಗೆ ಇಷ್ಟವಾದವರನ್ನೇ ಹೇಳಿದೆ.

ನಿರ್ವಾಹಕ:
ಇಬ್ಬರೂ ಸ್ವಲ್ಪ ನೀರು ಕುಡಿಯಿರಿ. ಲೀಲಾವತಿಯವರ ಬಗ್ಗೆ ಬೇರೆ ಚರ್ಚೆ ಇದೆ. ಅವರು ಸೋಲದೇವನಹಳ್ಳಿಯಲ್ಲಿ ಕಟ್ಟಿಸಿದ ಆಸ್ಪತ್ರೆ ವಿಷಯ ಎಲ್ಲ ಅಲ್ಲಿದೆ, ಅಲ್ಲಿಗೆ ಹೋಗಿ.

ಡಲ್ಲಾಸ್_ದೋಸೆ:
ನಮ್ಮಮ್ಮ ಹೇಳುತ್ತಿದ್ದರು, ಪಂಡರೀಬಾಯಿ ಸಾವಿರ ಸಿನಿಮಾ ಮಾಡಿದ್ದಾರೆ ಅಂತ. ನಿಜವಾ?

ಹಳೇರೀಲು:
ಸಾವಿರ ಅಂತ ಬರೆಯುವವರು ಬಹಳ ಜನ, ಕೂತು ಎಣಿಸಿದವರನ್ನು ನಾನು ನೋಡಿಲ್ಲ. ಕನ್ನಡ, ತಮಿಳು, ತೆಲುಗು, ಹಿಂದಿ ನಾಲ್ಕರಲ್ಲೂ ಮಾಡಿದ್ದಾರೆ, ಐದು ದಶಕ. ನೂರಾರು ಅನ್ನಿ, ಯಾರೂ ಜಗಳಕ್ಕೆ ಬರಲ್ಲ.

ಭಟ್ಕಳ_ಮಲ್ಲಿಗೆ:
'ಬೆಳ್ಳಿಮೋಡ' ಯಾರೂ ಹೇಳಲೇ ಇಲ್ಲ! 1967. ಪುಟ್ಟಣ್ಣನವರ ಮೊದಲ ಕನ್ನಡ ಚಿತ್ರ, ತ್ರಿವೇಣಿಯವರ ಕಾದಂಬರಿ. ಎಲ್ಲರಿಗೂ ಕಲ್ಪನಾ ನೆನಪು. ನನಗೆ ಕಲ್ಪನಾಗೆ ಅಮ್ಮ ಆಗಿದ್ದ ಪಂಡರೀಬಾಯಿ ನೆನಪು. ಮದುವೆ ವಯಸ್ಸಿನ ಮಗಳನ್ನು ಮನೆಯಲ್ಲಿ ಇಟ್ಟುಕೊಂಡು ತಾಯಿ ಮತ್ತೆ ಬಸುರಿಯಾಗುವುದು. ಆ ಕಾಲದ ಕನ್ನಡ ಸಿನಿಮಾದಲ್ಲಿ! ಆ ಗಂಡು ಮಗು ಹುಟ್ಟದಿದ್ದರೆ ಆಸ್ತಿಯ ಪ್ರಶ್ನೆ ಇಲ್ಲ, ಹುಡುಗ ಕೈ ಕೊಡುವುದಿಲ್ಲ, ಕಥೆಯೇ ಇಲ್ಲ. ಒಂದು ಕಡೆ ಎಷ್ಟೋ ವರ್ಷದ ಮೇಲೆ ಬಂದ ಖುಷಿ, ಇನ್ನೊಂದು ಕಡೆ ನಾಚಿಕೆ. ಇಂಥದ್ದನ್ನು ಸ್ವಲ್ಪ ಜಾಸ್ತಿ ಮಾಡಿದರೆ ಜನ ನಗುತ್ತಾರೆ. ಇವರು ಮಾಡಿದಾಗ ಯಾರಿಗೂ ನಗು ಬರಲ್ಲ. ನಮ್ಮ ದೊಡ್ಡಮ್ಮನಿಗೂ ಹೀಗೇ ತಡವಾಗಿ ಮಗು ಆಗಿತ್ತು. ಒಂದು ವರ್ಷ ಮದುವೆ ಮುಂಜಿಗೆ ಹೋಗಲಿಲ್ಲ ಅವರು. ಈ ಸಿನಿಮಾ ಟಿವಿಯಲ್ಲಿ ಬಂದರೆ ಎದ್ದು ಅಡುಗೆಮನೆಗೆ ಹೋಗಿಬಿಡುತ್ತಿದ್ದರು.

ಕಾಲ್‌ಶೀಟ್:
ಇದು ಸರಿಯಾದ ಮಾತು. ಆ ಚಿತ್ರದಲ್ಲಿ ಅಶ್ವಥ್ ಮತ್ತು ಪಂಡರೀಬಾಯಿ ಗಂಡ ಹೆಂಡತಿ. ಇಬ್ಬರೂ ಜಾಸ್ತಿ ಮಾತಾಡದೆ ಕೆಲಸ ಮುಗಿಸುವವರು. ಈಗ ನಾವು ಅಂಥ ದೃಶ್ಯ ಬರೆದರೆ ಹಿನ್ನೆಲೆಯಲ್ಲಿ ಮೂರು ಸಲ ಗುಡುಗು, ಎಲ್ಲರ ಮುಖಕ್ಕೂ ಒಂದೊಂದು ಝೂಮ್.

ಸುಮ್ನೆ_ಬಂದೆ:
ಐದು ಸಲ. ನಮ್ಮನೇಲಿ ಎಣಿಸಿದ್ದೀವಿ.

ಕಾಗುಣಿತಪ್ಪ:
ಪೋಷಕ ಪಾತ್ರ ಅನ್ನುವ ಪದವೇ ಸರಿಯಿಲ್ಲ ಅಂತ ನನ್ನ ವಾದ. ಯಾರನ್ನು ಪೋಷಿಸುವುದು? ನಾಯಕನನ್ನೇ?

ಮೂಲೆಮನೆ_ಸೊಸೆ:
ಮೊದಲ ಸಲ ನಿಮ್ಮ ಮಾತು ಒಪ್ಪಿದೆ. ಉಮಾಶ್ರೀ ಎಷ್ಟೋ ವರ್ಷ ಹಾಸ್ಯದ ಪಾತ್ರ, ಪೋಷಕ ಪಾತ್ರ ಮಾಡಿಕೊಂಡಿದ್ದರು. 'ಗುಲಾಬಿ ಟಾಕೀಸ್'ಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂದಾಗ ಎಲ್ಲರಿಗೂ ಆಶ್ಚರ್ಯ. ನಾಟಕದಲ್ಲಿ 'ಒಡಲಾಳ'ದ ಸಾಕವ್ವನನ್ನು ನೋಡಿದವರಿಗೆ ಮಾತ್ರ ಆಶ್ಚರ್ಯ ಆಗಲಿಲ್ಲ.

ಚೆನ್ನೈವಾಸಿ_ಕನ್ನಡಿಗ:
ಅಯ್ಯೋ, ಮುಖ್ಯವಾದದ್ದೇ ಮರೆತೆ! ತಿಪಟೂರಿನವರೇ, ನೀವು ನಿನ್ನೆ ನೋಡಿದ ಚಿತ್ರಕ್ಕೆ ಒಂದು ಬಾಲ ಇದೆ. 'ಅನುರಾಗ ಅರಳಿತು' ಆರು ವರ್ಷ ಬಿಟ್ಟು ತಮಿಳಿಗೆ ಬಂತು. 'ಮನ್ನನ್', 1992, ರಜನಿಕಾಂತ್, ವಿಜಯಶಾಂತಿ. ನಾಯಕ ಬದಲು, ನಾಯಕಿ ಬದಲು. ಅಮ್ಮ ಯಾರು ಗೊತ್ತಾ? ಅಲ್ಲೂ ಪಂಡರೀಬಾಯಿ! ಹಾಸಿಗೆ ಹಿಡಿದ ಅಮ್ಮನನ್ನು ರಜನಿ ನೋಡಿಕೊಳ್ಳುವ ಹಾಡು, ಇಳಯರಾಜ ಸಂಗೀತ, ಯೇಸುದಾಸ್ ದನಿ. ಇಂದಿಗೂ ಇಲ್ಲಿ ತಾಯಂದಿರ ದಿನ ಬಂದರೆ ಎಫ್‌ಎಂನಲ್ಲಿ ಅದೇ. ಪಕ್ಕದ ಮನೆಯ ಆಟೋದವರಿಗೆ ಅಮ್ಮ ತೀರಿಕೊಂಡು ವರ್ಷಗಳಾಗಿವೆ. ಆ ಹಾಡು ಬಂದರೆ ಗಾಡಿ ಪಕ್ಕಕ್ಕೆ ನಿಲ್ಲಿಸುತ್ತಾರೆ. ಆ ಅಮ್ಮ ಕನ್ನಡದವರು ಅಂದರೆ ನಂಬಲಿಲ್ಲ, ನನ್ನ ಜೊತೆ ಜಗಳಕ್ಕೇ ಬಂದರು.

ಅಣ್ಣಾವ್ರಭಕ್ತ_24:
ಇದು ನನಗೆ ಗೊತ್ತಿರಲಿಲ್ಲ. ರಾಜಕುಮಾರ್, ರಜನಿ ಇಬ್ಬರಿಗೂ ಒಂದೇ ಕಥೆಯಲ್ಲಿ ಒಂದೇ ಅಮ್ಮ. ಸೂಪರ್.

ಮೂಲೆಮನೆ_ಸೊಸೆ:
ನೋಡಿ, ಭಕ್ತರು ಕೂಡ ಕರಗಿದರು.

ಅಣ್ಣಾವ್ರಭಕ್ತ_24:
ಕರಗಿಲ್ಲ. ವಿಷಯ ಚೆನ್ನಾಗಿದೆ ಅಂದೆ ಅಷ್ಟೇ. ಪಂಡರೀಬಾಯಿ ಬಗ್ಗೆ ನಾನು ಯಾವಾಗ ಕೆಟ್ಟದಾಗಿ ಮಾತಾಡಿದೆ?

ಡಲ್ಲಾಸ್_ದೋಸೆ:
ಅವರು ತೀರಿಕೊಂಡಿದ್ದು ಯಾವಾಗ?

ಹಳೇರೀಲು:
2003ರ ಜನವರಿ 29, ಚೆನ್ನೈನಲ್ಲಿ.

ಭಟ್ಕಳ_ಮಲ್ಲಿಗೆ:
ಮೈನಾವತಿ 2012ರಲ್ಲಿ. ಊರಲ್ಲಿ ಇಬ್ಬರ ಹೆಸರಲ್ಲಿ ಒಂದು ರಸ್ತೆ ಆದರೂ ಇಡಬಹುದಿತ್ತು ಅಂತ ನನ್ನ ಆಸೆ.

ಸುಮ್ನೆ_ಬಂದೆ:
ಭಟ್ಕಳ ಮಲ್ಲಿಗೆ ಮೈಸೂರು ಮಲ್ಲಿಗೆಗಿಂತ ಚೆನ್ನಾಗಿರುತ್ತಾ? ಸುಮ್ನೆ ಕೇಳಿದೆ.

ಭಟ್ಕಳ_ಮಲ್ಲಿಗೆ:
ಇದೂ ಒಂದು ಪ್ರಶ್ನೆಯಾ? ದಾರದಲ್ಲಿ ಒತ್ತೊತ್ತಾಗಿ ಕಟ್ಟಿದ ಮೊಗ್ಗು, ಮರುದಿನವೂ ಪರಿಮಳ. ನಿಮ್ಮ ಮೈಸೂರಿನದ್ದು ಸಂಜೆಗೆ ಸುಸ್ತು.

ನಿರ್ವಾಹಕ:
ಮಲ್ಲಿಗೆಗೆ ಬೇರೆ ಚರ್ಚೆ ತೆರೆಯಿರಿ. ನಾನು ಉಡುಪಿಯವನು, ಇಲ್ಲಿ ಬಾಯಿ ಬಿಡುವುದಿಲ್ಲ.

ತಿಪಟೂರ್_ತೆಂಗು:
ಎಲ್ಲರಿಗೂ ಥ್ಯಾಂಕ್ಸ್. ಇವತ್ತು ಸಂಜೆ ಮೊಬೈಲಲ್ಲಿ 'ಬೇಡರ ಕಣ್ಣಪ್ಪ' ಹಾಕಿ ಅಜ್ಜಿಗೆ ತೋರಿಸಿದೆ. ಪರದೆ ಚಿಕ್ಕದು ಅಂತ ಬೈದರು. ಟೆಂಟಲ್ಲಿ ಮರಳಿನ ಮೇಲೆ ಕೂತಿದ್ದು, ರೀಲು ಬದಲಾಯಿಸುವಾಗ ಸೋಡಾ ಮಾರುವವನು ಬರುತ್ತಿದ್ದದ್ದು, ಕಣ್ಣು ಕಿತ್ತುಕೊಡುವ ಜಾಗದಲ್ಲಿ ಪಕ್ಕದಲ್ಲಿದ್ದ ಹೆಂಗಸು ಗೋಳೋ ಅಂತ ಅತ್ತಿದ್ದು ಎಲ್ಲ ಹೇಳಿದರು. ನೀಲಾ ಬಂದಾಗಲೆಲ್ಲ ಮೊಬೈಲನ್ನು ಮುಖದ ಹತ್ತಿರ ತಂದುಕೊಂಡು ನೋಡಿದರು.

'ದೈವಮಗನ್' ಕಥೆಯನ್ನೂ ಹೇಳಿದೆ. ಒಬ್ಬ ಗಂಡ, ಇಬ್ಬರು ಮಕ್ಕಳು, ಮೂವರೂ ಒಬ್ಬನೇ ಅಂತ. ಅಜ್ಜಿ ಸ್ವಲ್ಪ ಹೊತ್ತು ಯೋಚನೆ ಮಾಡಿ, "ಅಂಗಾರೆ ಅವ್ಳಿಗೆ ಮೂರು ಸಂಬ್ಳ ಕೊಡ್ಬೇಕಿತ್ತು" ಅಂದ್ರು.

ಕಾಲ್‌ಶೀಟ್:
ಅಜ್ಜಿನ ನಮ್ಮ ಪ್ರೊಡಕ್ಷನ್ನಿಗೆ ಮ್ಯಾನೇಜರ್ ಮಾಡಿ ಕಳಿಸ್ತೀರಾ?